38 ವರ್ಷದ ಗೇಣಿ ಕರಾರು: ಸ್ಕಾಟ್ಲೆಂಡಿನ ಒಬ್ಬ ಜಮೀನ್ದಾರರ ಪ್ರಕರಣ

ಬೇಸಾಯ ಸುಧಾರಿಸುತ್ತೇನೆ ಎಂದು ಹೊರಟವರ ಕಥೆಗಳು ಸಾಮಾನ್ಯವಾಗಿ ಎರಡೇ ಬಗೆ. ಗೆದ್ದವರದು ಒಂದು, ಸೋತವರದು ಇನ್ನೊಂದು. ಈ ಪ್ರಕರಣವನ್ನು ಯಾವ ಕಡೆ ಇಡಬೇಕು ಎನ್ನುವುದೇ ಕಷ್ಟ. ಜಮೀನು ಸುಧಾರಿಸಿತು. ಗೇಣಿದಾರರು ಚಿಗುರಿಕೊಂಡರು. ಹಳ್ಳಿ ಹೊಸದಾಗಿ ಎದ್ದು ನಿಂತಿತು. ಇಷ್ಟನ್ನೂ ಮಾಡಿಸಿದ ಜಮೀನ್ದಾರರು ಮಾತ್ರ ಸಾಲದಲ್ಲಿ ಸಿಕ್ಕಿ, ತಲೆಮಾರುಗಳಿಂದ ಬಂದ ಆಸ್ತಿಯನ್ನೇ ಮಾರಿಬಿಡಬೇಕಾಯಿತು. ಈ ಏಳಿಗೆ ಮತ್ತು ಈ ದಿವಾಳಿ ಎರಡರ ಬೇರೂ ಬಹುಮಟ್ಟಿಗೆ ಒಂದೇ ನಿರ್ಧಾರದಲ್ಲಿದೆ ಎಂಬುದು ನನ್ನ ಓದು.

ಜಮೀನ್ದಾರರ, ಗೇಣಿದಾರರ, ಹಳ್ಳಿಯ ಹೆಸರುಗಳನ್ನು ಬೇಕೆಂದೇ ಬಿಟ್ಟಿದ್ದೇನೆ. ಹೆಸರು ಬಂದರೆ ಅದರ ಹಿಂದೆಯೇ ಹೊಗಳಿಕೆಯೂ ಬರುತ್ತದೆ, ತೀರ್ಪೂ ಬರುತ್ತದೆ. ನಮಗೆ ಬೇಕಾಗಿರುವುದು ನಿರ್ಧಾರಗಳು. ಯಾವಾಗ, ಯಾವ ಒತ್ತಡದಲ್ಲಿ, ಯಾರ ದುಡ್ಡಿನಲ್ಲಿ ಅವನ್ನು ತೆಗೆದುಕೊಂಡರು ಎನ್ನುವುದು. ಕಾಲ ಮತ್ತು ಸೀಮೆಯನ್ನು ಮಾತ್ರ ಇದ್ದ ಹಾಗೆಯೇ ಇಟ್ಟಿದ್ದೇನೆ.

ಹಿನ್ನೆಲೆ

ಎಡಿನ್‌ಬರೋದಿಂದ ಸುಮಾರು 12 ಮೈಲಿ ದೂರದಲ್ಲಿ, ಈಸ್ಟ್ ಲೋಥಿಯನ್ ಸೀಮೆಯಲ್ಲಿ, ಟೈನ್ ಎಂಬ ಸಣ್ಣ ಹೊಳೆಯ ಪಕ್ಕದಲ್ಲಿ ಈ ಎಸ್ಟೇಟ್ ಇತ್ತು. ಜಮೀನ್ದಾರರ ತಂದೆ ಸ್ಕಾಟ್ಲೆಂಡಿನ ನ್ಯಾಯಾಲಯದಲ್ಲಿ ಬಹಳ ಎತ್ತರದ ಹುದ್ದೆಯಲ್ಲಿದ್ದವರು. ಮಗ 1702ರಲ್ಲಿ ಸ್ಕಾಟ್ಲೆಂಡಿನ ಹಳೆಯ ಪಾರ್ಲಿಮೆಂಟಿಗೆ ಹೋದರು. 1707ರಲ್ಲಿ ಸ್ಕಾಟ್ಲೆಂಡ್ ಮತ್ತು ಇಂಗ್ಲೆಂಡ್ ಒಂದಾಗುವುದರ ಪರವಾಗಿ ನಿಂತರು. ಆಮೇಲೆ 1741ರವರೆಗೂ ತಮ್ಮ ಸೀಮೆಯ ಪ್ರತಿನಿಧಿಯಾಗಿ ಲಂಡನ್ನಿನ ಪಾರ್ಲಿಮೆಂಟಿನಲ್ಲಿ ಕೂತರು. ಅಂದರೆ ಬದುಕಿನ ಬಹುಪಾಲು ಕಳೆದದ್ದು ಊರಿನಿಂದ ಸುಮಾರು 400 ಮೈಲಿ ದೂರದಲ್ಲಿ. ಈ ದೂರ ಮುಂದೆ ದೊಡ್ಡ ವಿಷಯವಾಗುತ್ತದೆ.

ಅವರು ಕೆಲಸ ಶುರುಮಾಡಿದ ಕಾಲ ಹೇಗಿತ್ತು ಎನ್ನುವುದನ್ನು ಮೊದಲು ನೋಡಬೇಕು. 1690ರ ದಶಕದ ಕೊನೆಯ ವರ್ಷಗಳಲ್ಲಿ ಸ್ಕಾಟ್ಲೆಂಡಿನಲ್ಲಿ ಮತ್ತೆ ಮತ್ತೆ ಬೆಳೆ ಹೋಯಿತು. ಜನ ಹಸಿವಿನಿಂದ ಸತ್ತರು, ಸಾವಿರಾರು ಮಂದಿ ಊರು ಬಿಟ್ಟರು. ಆ ವರ್ಷಗಳ ನೆನಪು ಒಂದು ತಲೆಮಾರಿನ ಎದೆಯಲ್ಲಿ ಕೂತಿತ್ತು. ಇನ್ನೊಂದು ಕಡೆ ಇಂಗ್ಲೆಂಡಿನ ಮಾರುಕಟ್ಟೆ ತೆರೆದುಕೊಂಡಿತ್ತು. ಅಲ್ಲಿನ ಹೊಲಗಳನ್ನು ಕಣ್ಣಾರೆ ನೋಡಿ ಬಂದ ಸ್ಕಾಟಿಷ್ ಜಮೀನ್ದಾರರಿಗೆ ತಮ್ಮ ಹೊಲಗಳು ಬಡವಾಗಿ ಕಾಣತೊಡಗಿದವು. 1723ರಲ್ಲಿ ಎಡಿನ್‌ಬರೋದಲ್ಲಿ ಇಂಥ ಸುಧಾರಕರದೇ ಒಂದು ದೊಡ್ಡ ಸಂಘ ಹುಟ್ಟಿತು. ನಮ್ಮ ಜಮೀನ್ದಾರರೂ ಅದರಲ್ಲಿದ್ದರು.

ಸಮಸ್ಯೆ ಎಲ್ಲಿತ್ತು

ಹಳೆಯ ಬೇಸಾಯದ ಪದ್ಧತಿ ಹೀಗಿತ್ತು. ಹಳ್ಳಿಯ ಹತ್ತಿರದ ಹೊಲಕ್ಕೆ ಇದ್ದಬದ್ದ ಗೊಬ್ಬರವನ್ನೆಲ್ಲ ಹಾಕಿ, ವರ್ಷ ವರ್ಷವೂ ಓಟ್ಸ್ ಮತ್ತು ಒಂದು ಜಾತಿಯ ಬಾರ್ಲಿ ಬೆಳೆಯುತ್ತಿದ್ದರು. ದೂರದ ಹೊಲಕ್ಕೆ ಗೊಬ್ಬರ ಅಷ್ಟಕ್ಕಷ್ಟೇ. ಅಲ್ಲಿ ಮಣ್ಣಿನ ಸತ್ವ ಮುಗಿಯುವ ತನಕ ಬೆಳೆದು, ಆಮೇಲೆ ವರ್ಷಗಟ್ಟಲೆ ಬೀಳು ಬಿಡುತ್ತಿದ್ದರು. ಅನೇಕ ಕಡೆ ಒಬ್ಬನ ಜಮೀನು ಒಂದೇ ಕಡೆ ಇರುತ್ತಿರಲಿಲ್ಲ. ಉದ್ದುದ್ದ ಪಟ್ಟಿಗಳಾಗಿ ಬೇರೆಯವರ ಪಟ್ಟಿಗಳ ಮಧ್ಯೆ ಚದುರಿರುತ್ತಿತ್ತು. ಒಬ್ಬ ಚೆನ್ನಾಗಿ ಕಳೆ ತೆಗೆದರೆ ಪಕ್ಕದವನ ಪಟ್ಟಿಯಿಂದ ಬೀಜ ಹಾರಿ ಬಂದು ಬೀಳುತ್ತಿತ್ತು. ಕೊಯ್ಲಾದ ಮೇಲೆ ದನಕರು ಎಲ್ಲರ ಹೊಲದಲ್ಲೂ ಮೇಯುತ್ತಿದ್ದವು. ಬೇಲಿ ಎನ್ನುವುದೇ ಅಪರೂಪ. ಚಳಿಗಾಲಕ್ಕೆ ಮೇವಿಲ್ಲದೆ, ಶರತ್ಕಾಲ ಮುಗಿಯುವಾಗ ಎಷ್ಟೋ ದನಗಳನ್ನು ಕಡಿದು ಉಪ್ಪು ಹಾಕಿ ಇಡುತ್ತಿದ್ದರು. ಉಳಿದವು ವಸಂತದ ಹೊತ್ತಿಗೆ ಎದ್ದು ನಿಲ್ಲಲಾಗದಷ್ಟು ಸೊರಗುತ್ತಿದ್ದವು. ದನ ಕಡಿಮೆಯಾದರೆ ಗೊಬ್ಬರ ಕಡಿಮೆ. ಗೊಬ್ಬರ ಕಡಿಮೆಯಾದರೆ ಧಾನ್ಯ ಕಡಿಮೆ. ಹೀಗೆ ಸುತ್ತು ತಿರುಗಿ ಮತ್ತೆ ಅಲ್ಲಿಗೇ.

ಆ ಕಾಲದ ಬಹಳಷ್ಟು ಜಮೀನ್ದಾರರು ಇದಕ್ಕೆ ರೈತರನ್ನೇ ದೂರುತ್ತಿದ್ದರು. ಸೋಮಾರಿಗಳು, ಅಜ್ಜ ಮಾಡಿದ್ದನ್ನೇ ಮಾಡುತ್ತಾರೆ, ಹೊಸದು ಹೇಳಿದರೆ ಕೇಳುವುದಿಲ್ಲ ಎಂದು. ನನಗೆ ಈ ಮಾತು ಒಪ್ಪಿಗೆಯಿಲ್ಲ. ಗೇಣಿದಾರನ ಜಾಗದಲ್ಲಿ ನಿಂತು ನೋಡಿ. ಕರಾರು ಬರೀ ಕೆಲವೇ ವರ್ಷದ್ದು, ಎಷ್ಟೋ ಕಡೆ ಬರೀ ಬಾಯಿಮಾತಿನದು. ಗೇಣಿಯ ಒಂದು ಪಾಲು ಧಾನ್ಯದಲ್ಲಿ, ಕೋಳಿಯಲ್ಲಿ, ಒಡೆಯರ ಹೊಲದ ಬಿಟ್ಟಿ ಕೆಲಸದಲ್ಲಿ ಸಂದಾಯವಾಗಬೇಕು. ಇಂಥವನು ಹೊಲಕ್ಕೆ ಕಾಲುವೆ ತೋಡಿ, ಬೇಲಿ ಕಟ್ಟಿ, ಕಲ್ಲು ಆರಿಸಿದರೆ ಏನಾಗುತ್ತದೆ? ಹೊಲ ಚೆನ್ನಾಗಿ ಕಾಣುತ್ತದೆ. ಮುಂದಿನ ಸಲ ಗೇಣಿ ಏರುತ್ತದೆ. ಏರಿದ್ದನ್ನು ಕೊಡಲಾರೆ ಎಂದರೆ ಬೇರೆ ಒಕ್ಕಲು ಬರುತ್ತಾನೆ. ತನ್ನ ಬೆವರಿಗೆ ತಾನೇ ದಂಡ ಕಟ್ಟಿದ ಹಾಗೆ ಅಲ್ವಾ? ಸುಮ್ನೆ ಇರುವುದೇ ಅವನ ಪಾಲಿಗೆ ಬುದ್ಧಿವಂತಿಕೆಯಾಗಿತ್ತು.

ನಮ್ಮ ಜಮೀನ್ದಾರರು ಇದನ್ನು ಅರ್ಥಮಾಡಿಕೊಂಡರು. ಈ ಪ್ರಕರಣ ಬರೆಯುವಷ್ಟು ದೊಡ್ಡದು ಅಂತ ನನಗೆ ಅನಿಸುವುದು ಇದೇ ಕಾರಣಕ್ಕೆ.

ಮೊದಲ ತಿರುವು: ಕರಾರು

ಇದಕ್ಕೆ ಬೀಜ ಹಾಕಿದ್ದು ತಂದೆಯ ಕಾಲದಲ್ಲೇ. 1698ರಲ್ಲಿ ಎಸ್ಟೇಟಿನ ಒಂದು ಹೊಲವನ್ನು ಒಬ್ಬ ಗೇಣಿದಾರನಿಗೆ ಕೆಲವು ವರ್ಷಗಳ ಲಿಖಿತ ಕರಾರಿನ ಮೇಲೆ ಕೊಟ್ಟರು. ಆ ಮನುಷ್ಯ ಸುತ್ತ ಹಳ್ಳ ತೋಡಿ, ತೋಡಿದ ಮಣ್ಣನ್ನು ಬದುವಾಗಿ ಏರಿಸಿ, ಅದರ ಮೇಲೆ ಮುಳ್ಳುಬೇಲಿ ಬೆಳೆಸಿದ. ಮರಗಳನ್ನೂ ನೆಟ್ಟ. ಅದೂ ತನ್ನ ಖರ್ಚಿನಲ್ಲಿ. ಕರಾರಿನಲ್ಲಿ ಭದ್ರತೆ ಕಂಡರೆ ರೈತ ಕೈಯಿಂದ ದುಡ್ಡು ಹಾಕುತ್ತಾನೆ ಎನ್ನುವುದಕ್ಕೆ ಕಣ್ಣೆದುರಿಗೇ ಪುರಾವೆ ಸಿಕ್ಕಿತು.

1714ರಲ್ಲಿ ಮಗ ಎಸ್ಟೇಟಿನ ಆಡಳಿತ ಕೈಗೆ ತೆಗೆದುಕೊಂಡರು. 1718ರಲ್ಲಿ ಅದೇ ಗೇಣಿದಾರರ ಕುಟುಂಬಕ್ಕೆ 38 ವರ್ಷದ ಕರಾರು ಬರೆದುಕೊಟ್ಟರು. ಅವಧಿ ಮುಗಿದ ಮೇಲೆ ಗೊತ್ತುಮಾಡಿದ ಹಣ ಕಟ್ಟಿದರೆ ನವೀಕರಿಸಿಕೊಡುವ ಮಾತೂ ಅದರಲ್ಲಿತ್ತು. ಗೇಣಿ ಮಧ್ಯದಲ್ಲಿ ಏರುವಂತಿಲ್ಲ. ನಮ್ಮ ಕರಾವಳಿಯವರಿಗೆ ಹೇಳುವುದಾದರೆ ಚಾಲಗೇಣಿಯಿಂದ, ಅಂದರೆ ಒಡೆಯರು ಬೇಕೆಂದಾಗ ಬಿಡಿಸಬಹುದಾದ ಗೇಣಿಯಿಂದ, ಹೊರಬಂದು ಮೂಲಗೇಣಿಯ, ಅಂದರೆ ಕಾಯಂ ಗೇಣಿಯ, ದಿಕ್ಕಿಗೆ ಹೆಜ್ಜೆ ಇಟ್ಟ ಹಾಗೆ. ಆ ಕಾಲದ ಸ್ಕಾಟ್ಲೆಂಡಿನಲ್ಲಿ ಇದು ಕೇಳರಿಯದ ಧಾರಾಳತನ.

ಇದರ ಹಿಂದಿನ ಮನಸ್ಸು 1725ರಲ್ಲಿ ಅವರು ಈ ಗೇಣಿದಾರ ಕುಟುಂಬಕ್ಕೆ ಬರೆದ ಕಾಗದದಲ್ಲಿ ಕಾಣುತ್ತದೆ. ಯಾವ ರೂಪದ ದಬ್ಬಾಳಿಕೆಯೂ ತನಗೆ ಆಗದು ಎನ್ನುತ್ತಾರೆ. ನೂರು ಬಡ ಕುಟುಂಬಗಳನ್ನು ಹಿಂಡಿ, ಅವರು ಗತಿಯಿಲ್ಲದೆ ತನ್ನ ಗುಲಾಮರಾಗುವ ಹಾಗೆ ಮಾಡಿ ಒಂದಿಷ್ಟು ಹಣ ಹೆಚ್ಚು ಪಡೆಯುವುದಕ್ಕಿಂತ, ತನ್ನ ಒಕ್ಕಲುಗಳು ತಮ್ಮದು ಎಂದು ಹೇಳಿಕೊಳ್ಳುವಂಥದ್ದನ್ನು ಸಂಪಾದಿಸುವುದು ನೋಡುವುದೇ ಹೆಚ್ಚು ಸಂತೋಷ ಎನ್ನುತ್ತಾರೆ. ಇದೇ ಹೊತ್ತಿನಲ್ಲಿ ಸ್ಕಾಟ್ಲೆಂಡಿನ ನೈಋತ್ಯದ ಗ್ಯಾಲೋವೇಯಲ್ಲಿ ಏನು ನಡೆಯುತ್ತಿತ್ತು ಗೊತ್ತೇ? ಅಲ್ಲಿನ ಜಮೀನ್ದಾರರು ದನ ಸಾಕಿ ಮಾರುವುದಕ್ಕಾಗಿ ಒಕ್ಕಲುಗಳನ್ನು ಎಬ್ಬಿಸಿ, ಜಮೀನಿಗೆ ಕಲ್ಲುಗೋಡೆ ಹಾಕುತ್ತಿದ್ದರು. 1724ರಲ್ಲಿ ಜನ ಗುಂಪುಗೂಡಿ ರಾತ್ರೋರಾತ್ರಿ ಆ ಗೋಡೆಗಳನ್ನು ಕೆಡವಿದರು. ಕೊನೆಗೆ ಸೈನ್ಯ ಬರಬೇಕಾಯಿತು. ಬೇಲಿ ಎರಡು ಕಡೆಯೂ ಬಂತು. ಒಂದು ಕಡೆ ಅದನ್ನು ರೈತನೇ ಕಟ್ಟಿದ, ಇನ್ನೊಂದು ಕಡೆ ರೈತನನ್ನು ಹೊರಗೆ ಹಾಕಲು ಕಟ್ಟಿದರು. ಸುಧಾರಣೆ ಎಂಬ ಒಂದೇ ಮಾತಿನಡಿ ಎರಡನ್ನೂ ಸೇರಿಸಿ ಬರೆಯುವುದನ್ನು ಕಂಡಾಗ ನನಗೆ ಬೇಸರವಾಗುತ್ತದೆ.

ಹಾಗೆಂದು ಎಲ್ಲ ಒಕ್ಕಲುಗಳೂ ಓಡಿ ಬಂದು ಕರಾರಿಗೆ ಸಹಿ ಹಾಕಲಿಲ್ಲ. ತಲೆಮಾರುಗಳಿಂದ ಒಡೆಯರ ಮಾತಿನಲ್ಲಿ ಏನೋ ಒಳಸುಳಿ ಇರುತ್ತದೆ ಎಂದು ಕಲಿತವರು ಅವರು. ಮುಂದೆ ಬಂದು ನಿಜವಾಗಿ ದುಡಿದವರು ಕೆಲವರು, ಅವರಲ್ಲಿ ಈ ಒಂದು ಕುಟುಂಬ ಮುಂಚೂಣಿಯಲ್ಲಿತ್ತು.

ಹೊಲದಲ್ಲಿ ಆದದ್ದು

ಗೇಣಿದಾರನ ಹೊಲದಲ್ಲಿ ನಡೆದ ಒಂದು ಬದಲಾವಣೆಯನ್ನು ಹತ್ತಿರದಿಂದ ನೋಡೋಣ. ಟರ್ನಿಪ್ ಅಲ್ಲಿಯವರೆಗೆ ತೋಟದ ತರಕಾರಿ. ಅಡುಗೆಮನೆಗೆ ಬೇಕಾದಷ್ಟು ಮಾತ್ರ ಬೆಳೆಯುತ್ತಿದ್ದರು. 1730ರ ದಶಕದಲ್ಲಿ ಈ ಕುಟುಂಬ ಅದನ್ನು ಹೊಲಕ್ಕೆ ತಂದು, ಎರಚುವ ಬದಲು ಸಾಲಾಗಿ ಬಿತ್ತಿತು. ಸಾಲು ಬಿತ್ತನೆ ಎಂದರೆ ಎರಡು ಸಾಲಿನ ನಡುವೆ ಜಾಗ ಸಿಗುತ್ತದೆ. ಆ ಜಾಗದಲ್ಲಿ ಕುಂಟೆ ಆಡಿಸಬಹುದು, ಕಳೆ ತೆಗೆಯಬಹುದು. ಹೊಲ ಬೀಳು ಬಿಡದೆಯೇ ಸ್ವಚ್ಛವಾಗುತ್ತದೆ. ಗಡ್ಡೆ ಚಳಿಗಾಲದಲ್ಲಿ ದನಕ್ಕೆ ಮೇವಾಗುತ್ತದೆ. ಮೇವಿದ್ದರೆ ದನವನ್ನು ಚಳಿಗಾಲಕ್ಕೆ ಮುಂಚೆ ಕಡಿಯಬೇಕಿಲ್ಲ. ಕೊಬ್ಬಿಸಿ, ಮಾಂಸಕ್ಕೆ ಬೆಲೆ ಹೆಚ್ಚಿರುವಾಗ ಎಡಿನ್‌ಬರೋಗೆ ಹೊಡೆದುಕೊಂಡು ಹೋಗಬಹುದು. ಕೊಟ್ಟಿಗೆಯಲ್ಲಿ ದನ ನಿಂತರೆ ಗೊಬ್ಬರ ಸಿಗುತ್ತದೆ. ಆ ಗೊಬ್ಬರ ಮುಂದಿನ ವರ್ಷದ ಬಾರ್ಲಿಗೆ ಹೋಗುತ್ತದೆ. ಹಳೆಯ ಸುತ್ತು ಎಲ್ಲಿ ಕಚ್ಚಿಕೊಂಡಿತ್ತೋ ಸರಿಯಾಗಿ ಅಲ್ಲೇ ಬಿಚ್ಚಿಕೊಂಡಿತು.

ಆದರೆ ಇದರಲ್ಲಿ ಒಂದೊಂದಕ್ಕೂ ಬೇಲಿ ಬೇಕೇ ಬೇಕು. ಬೇಲಿ ಇಲ್ಲದಿದ್ದರೆ ನವೆಂಬರಿನಲ್ಲಿ ಊರ ದನವೆಲ್ಲ ಬಂದು ಟರ್ನಿಪ್ ತಿಂದು ಹೋಗುತ್ತದೆ. ಬೇಲಿ ಬೆಳೆದು ದನ ತಡೆಯುವಷ್ಟು ಗಟ್ಟಿಯಾಗಲು ಹಲವು ವರ್ಷ ಬೇಕು. ಕೆಲವೇ ವರ್ಷದ ಕರಾರಿನವನು ಅದಕ್ಕೆ ಕೈಹಾಕಲಾರ. 38 ವರ್ಷದವನು ಹಾಕುತ್ತಾನೆ. ಕರಾರಿನಿಂದ ಬೇಲಿ, ಬೇಲಿಯಿಂದ ಟರ್ನಿಪ್, ಟರ್ನಿಪ್ಪಿನಿಂದ ಗೊಬ್ಬರ. ಈ ಸರಪಳಿಯಲ್ಲಿ ಮೊದಲ ಕೊಂಡಿ ಕಾಗದದ ಮೇಲಿತ್ತು. ಆ ಹೊಲದಲ್ಲಿ ಬೆಳೆದ ಒಂದು ಭಾರೀ ಟರ್ನಿಪ್ಪನ್ನು ಎಡಿನ್‌ಬರೋದ ಕಾಫಿ ಅಂಗಡಿಯೊಂದರಲ್ಲಿ, ಜನ ನೋಡಲಿ ಎಂದು ನೇತುಹಾಕಿದ್ದರಂತೆ.

ಜಮೀನ್ದಾರರು ಇಷ್ಟಕ್ಕೆ ನಿಲ್ಲಲಿಲ್ಲ. ಗೇಣಿದಾರರ ಮಕ್ಕಳನ್ನು ಬೇಸಾಯ ಕಲಿಯಲು ಇಂಗ್ಲೆಂಡಿಗೆ ಕಳಿಸಿದರು. ಅಲ್ಲಿಂದ ಕೆಲಸ ಬಲ್ಲವರನ್ನು ಕರೆಸಿದರು. 1736ರಲ್ಲಿ ಹಳ್ಳಿಯಲ್ಲೇ ಒಂದು ಸಂಘ ಶುರುವಾಯಿತು. ತಿಂಗಳಿಗೊಮ್ಮೆ ಸೇರಿ ಬೇಸಾಯದ ಒಂದು ವಿಷಯ ಎತ್ತಿಕೊಂಡು ಚರ್ಚೆ ಮಾಡುವುದು. ಅದರಲ್ಲಿ ಶ್ರೀಮಂತ ಮನೆತನದವರೂ ಇದ್ದರು, ಸುತ್ತಲಿನ ಜಮೀನ್ದಾರರೂ ಇದ್ದರು, ಸ್ವತಃ ಉಳುವ ಗೇಣಿದಾರರೂ ಇದ್ದರು. ಆ ಸಮಾಜದಲ್ಲಿ ಒಡೆಯರೂ ಒಕ್ಕಲೂ ಒಂದೇ ಮೇಜಿನ ಸುತ್ತ ಕೂತು ಗೊಬ್ಬರದ ಬಗ್ಗೆ ಮಾತಾಡುವುದು ಸಣ್ಣ ವಿಷಯ ಅಲ್ಲ. ಸಂಘ 1747ರ ತನಕ ನಡೆಯಿತು.

ಎರಡನೇ ತಿರುವು: ಕಾಗದದಲ್ಲಿ ಆಡಳಿತ

1717ರಿಂದ ಜಮೀನ್ದಾರರು ಬ್ರಿಟಿಷ್ ನೌಕಾಪಡೆಯ ಆಡಳಿತ ಮಂಡಳಿಯಲ್ಲಿದ್ದರು. ಮನೆ ಲಂಡನ್ನಿನ ಹೊರವಲಯದ ಟಾಟನ್‌ಹ್ಯಾಮ್‌ನಲ್ಲಿ. ಎಸ್ಟೇಟಿನ ಕೆಲಸ ನಡೆಯುತ್ತಿದ್ದದ್ದು ಕಾಗದಗಳಲ್ಲಿ. ಅವರು ತಮ್ಮ ತೋಟಗಾರನಿಗೆ 1727ರಿಂದ 1744ರವರೆಗೆ ಬರೆದ ಕಾಗದಗಳು ಉಳಿದುಕೊಂಡಿವೆ. 20ನೇ ಶತಮಾನದ ಆರಂಭದಲ್ಲಿ ಅಚ್ಚಾಗಿವೆ ಕೂಡ. ಈ ಪ್ರಕರಣ ಇಷ್ಟು ಸ್ಪಷ್ಟವಾಗಿ ನಮಗೆ ಸಿಗುವುದು ಅವುಗಳಿಂದಲೇ.

ಆ ಕಾಗದಗಳಲ್ಲಿ ಮರಗಳಿವೆ, ಬೇಲಿಗಳಿವೆ, ಸ್ಟ್ರಾಬೆರಿ ಇದೆ, ತರಕಾರಿ ಇದೆ. ಎಡಿನ್‌ಬರೋ ಮಾರುಕಟ್ಟೆಗೆ ಏನು ಬೆಳೆದರೆ ಲಾಭ ಎಂಬ ಲೆಕ್ಕಾಚಾರ ಇದೆ. ತೋಟಗಾರ ಬರೀ ಒಡೆಯರ ಮನೆಗೆ ಹಣ್ಣು ಬೆಳೆಯುವವನಾಗಿ ಉಳಿಯದೆ, ತನ್ನ ಕಾಲ ಮೇಲೆ ನಿಂತು ಪೇಟೆಗೆ ಮಾರುವವನಾಗಬೇಕು ಎನ್ನುವ ಆಸೆ ಇದೆ. ಜೊತೆಗೆ ಗದರಿಕೆಯೂ ಇದೆ. ಮುಂದಾಲೋಚನೆ ಇಲ್ಲ, ಇದ್ದುದರಲ್ಲೇ ತೃಪ್ತಿ ಎಂಬ ದೂರು ಮತ್ತೆ ಮತ್ತೆ ಬರುತ್ತದೆ.

ಇಲ್ಲಿ ನನಗೆ ಜಮೀನ್ದಾರರ ಮೇಲೂ ತೋಟಗಾರನ ಮೇಲೂ ಕನಿಕರ ಬರುತ್ತದೆ. ಬರೆದವರ ಕಾಳಜಿ ನಿಜ. ಆದರೆ ಕಾಗದ ಹೋಗಿ ಉತ್ತರ ಬರುವ ಹೊತ್ತಿಗೆ ಬಿತ್ತನೆಯ ಹದ ಕಳೆದಿರುತ್ತದೆ. ದೂರದಲ್ಲಿದ್ದವರಿಗೆ ಹೊಲ ಕಾಣುವುದು ತಮ್ಮ ಮನಸ್ಸಿನಲ್ಲಿ ಇರುವ ಹಾಗೆ. ಹತ್ತಿರ ಇರುವವನಿಗೆ ಕಾಣುವುದು ಈ ವರ್ಷ ಬಂದ ಮಳೆ, ಕೈಗೆ ಸಿಕ್ಕ ಆಳು. ಇಂಥ ಕಡೆ ಸಣ್ಣ ವಿವರಗಳನ್ನು ಬರೆದು ಕಳಿಸುವುದು ಜಾಸ್ತಿಯಾದಷ್ಟೂ ಸ್ಥಳದಲ್ಲಿರುವವನು ತಾನೇ ಯೋಚಿಸುವುದನ್ನು ಬಿಡುತ್ತಾನೆ. ಕರಾರಿನ ವಿಷಯದಲ್ಲಿ ಜಮೀನ್ದಾರರು ರೈತನ ಕೈಗೇ ಅಧಿಕಾರ ಕೊಟ್ಟು ಗೆದ್ದರು. ತೋಟ ಮತ್ತು ಹಳ್ಳಿಯ ವಿಷಯದಲ್ಲಿ ಅದನ್ನು ತಮ್ಮ ಲೇಖನಿಯಲ್ಲೇ ಇಟ್ಟುಕೊಂಡರು. ಒಬ್ಬರೇ ಮನುಷ್ಯ, ಎರಡು ವಿಧಾನ. ಫಲವೂ ಬೇರೆ ಬೇರೆ.

ಮೂರನೇ ತಿರುವು: ಹಳ್ಳಿ ಕಟ್ಟುವ ಕೆಲಸ

1730ರ ದಶಕದಲ್ಲಿ ಅವರು ಹಳೆಯ ಹಳ್ಳಿಯನ್ನು ಹೊಸದಾಗಿ ಕಟ್ಟಲು ಕೈಹಾಕಿದರು. ಸರ್ವೆ ಮಾಡಿಸಿ, ಅಗಲವಾದ ದೊಡ್ಡ ಬೀದಿಯ ಎರಡೂ ಕಡೆ ನಿವೇಶನ ಗೊತ್ತುಮಾಡಿ, ಕುಶಲಕರ್ಮಿಗಳಿಗೆ ಕೊಡುವುದು ಯೋಜನೆ. ದೊಡ್ಡ ಬೀದಿಯಲ್ಲಿ ಎರಡು ಅಂತಸ್ತಿಗಿಂತ ಕಡಿಮೆಯ ಮನೆ ಕಟ್ಟಲು ಒಪ್ಪುವುದಿಲ್ಲ ಎಂದು ಖಡಾಖಂಡಿತವಾಗಿ ಬರೆದರು. ಸ್ಕಾಟ್ಲೆಂಡಿನಲ್ಲಿ ಆಮೇಲೆ ನೂರಾರು ಯೋಜಿತ ಹಳ್ಳಿಗಳು ಎದ್ದವು. ಅವುಗಳ ಮೊದಲ ಸಾಲಿನಲ್ಲಿ ಇದು ನಿಲ್ಲುತ್ತದೆ.

ಯೋಚನೆ ಸರಿಯಾಗಿಯೇ ಇತ್ತು. ಹೊಲದಲ್ಲಿ ಬೆಳೆದದ್ದಕ್ಕೆ ಪಕ್ಕದಲ್ಲೇ ಗಿರಾಕಿ ಬೇಕು. ಬಾರ್ಲಿ ಬೆಳೆದರೆ ಅದನ್ನು ಕೊಳ್ಳುವ ಭಟ್ಟಿ ಬೇಕು. ಹಾಗಾಗಿ ಬಿಯರ್ ಮಾಡುವ ಘಟಕ ಬಂತು, ಮದ್ಯದ ಭಟ್ಟಿಯೂ ಬಂತು. ಅಗಸೆ ನಾರಿನಿಂದ ಲಿನನ್ ಬಟ್ಟೆ ನೇಯುವ ಕೆಲಸ ಶುರುವಾಯಿತು. ಬಟ್ಟೆಯನ್ನು ಹುಲ್ಲಿನ ಮೇಲೆ ಹರವಿ ಬಿಳುಪು ಮಾಡುವ ಬಯಲೂ ಸಿದ್ಧವಾಯಿತು. ಅಲ್ಲಿಯವರೆಗೆ ಒಳ್ಳೆಯ ಸ್ಕಾಟಿಷ್ ಲಿನನ್ ಅನ್ನು ಬಿಳುಪು ಮಾಡಿಸಲು ಹಾಲೆಂಡಿನ ಹಾರ್ಲೆಮ್‌ಗೆ ಕಳಿಸುತ್ತಿದ್ದರು. ಕುಶಲಕರ್ಮಿಗಳನ್ನು ಹೊರಗಿನಿಂದ ಕರೆಸಿದರು. 1727ರಲ್ಲಿ ಸ್ಕಾಟ್ಲೆಂಡಿನ ಕೈಗಾರಿಕೆಗಳಿಗೆಂದೇ ಸರ್ಕಾರ ಒಂದು ಮಂಡಳಿ ಮಾಡಿತ್ತು, ಲಿನನ್‌ಗೆ ಉತ್ತೇಜನ ಸಿಗುವ ಕಾಲ ಅದು. ಊರಿನ ಹೆಂಗಸರಿಗೆ ನೂಲುವ ಕೆಲಸ ಸಿಗಬೇಕು, ಒಂದು ಬೆಳೆ ಹೋದರೂ ಮನೆಯ ಒಲೆ ಉರಿಯಬೇಕು ಎಂಬುದು ಇದರ ಹಿಂದಿನ ಲೆಕ್ಕ. 1690ರ ದಶಕ ಕಂಡವರಿಗೆ ಇದು ಸುಮ್ಮನೆ ಹೊಳೆದ ಯೋಚನೆ ಅಲ್ಲ.

ಆದರೆ ಈ ಎಲ್ಲದಕ್ಕೂ ಮೊದಲೇ ದುಡ್ಡು ಸುರಿಯಬೇಕು. ಬೇಲಿಯ ದುಡ್ಡು ಗೇಣಿದಾರ ಹಾಕಿದ್ದ. ಭಟ್ಟಿ, ಬಟ್ಟೆ, ಬೀದಿಗಳ ಭಾರ ಜಮೀನ್ದಾರರ ತಲೆ ಮೇಲೆ ಬಂತು.

ಲೆಕ್ಕ ತಪ್ಪಿದ್ದು

ಈಗ ಅವರ ಆದಾಯದ ಕಡೆ ನೋಡಿ. ಆ ಕಾಲದಲ್ಲಿ ಪಾರ್ಲಿಮೆಂಟ್ ಸದಸ್ಯರಿಗೆ ಸಂಬಳ ಇರಲಿಲ್ಲ. ನೌಕಾಪಡೆಯ ಹುದ್ದೆಗೆ ಇತ್ತು. ಆ ಹುದ್ದೆ 1732ರಲ್ಲಿ ಹೋಯಿತು. ಹಳ್ಳಿಯ ಮೇಲೆ ಹೆಚ್ಚು ಖರ್ಚು ಬಿದ್ದದ್ದು ಸರಿಯಾಗಿ ಅದರ ನಂತರದ ವರ್ಷಗಳಲ್ಲಿ. 1742ರಲ್ಲಿ ಹುದ್ದೆ ಮತ್ತೆ ಸಿಕ್ಕಿತು, ಎರಡು ವರ್ಷದಲ್ಲಿ ಮತ್ತೆ ಹೋಯಿತು. ಉಳಿದದ್ದು ಜಮೀನಿನ ಗೇಣಿ. ಆ ಗೇಣಿಯೋ, ಅವರೇ ಬರೆದುಕೊಟ್ಟ ಕರಾರಿನಲ್ಲಿ ಕಟ್ಟಿಹೋಗಿತ್ತು. ಹೊಲದ ಇಳುವರಿ ಏರಿತು, ದನದ ಬೆಲೆ ಬಂತು, ಎಡಿನ್‌ಬರೋ ಮಾರುಕಟ್ಟೆ ಬೆಳೆಯಿತು. ಆ ಹೆಚ್ಚಳದಲ್ಲಿ ಒಡೆಯರ ಪಾಲು ಅಷ್ಟಕ್ಕಷ್ಟೇ. 1718ರ ಕರಾರು ಮುಗಿಯಬೇಕಾದದ್ದು 1756ರಲ್ಲಿ. ಸಾಲ ಕೊಟ್ಟವರು ಅಲ್ಲಿಯ ತನಕ ಕಾಯುವುದಿಲ್ಲವಲ್ಲ.

ಅವರ ದಿವಾಳಿಗೆ ಕರಾರೊಂದೇ ಕಾರಣ ಎಂದು ನಾನು ಹೇಳುವುದಿಲ್ಲ. ಲಂಡನ್ನಿನಲ್ಲಿ ಸಂಸಾರ ನಡೆಸುವ ಖರ್ಚಿತ್ತು. ಫಲ ಕೊಡಲು ವರ್ಷಗಟ್ಟಲೆ ಹಿಡಿಯುವ ಹಲವು ಕೆಲಸಗಳನ್ನು ಒಟ್ಟೊಟ್ಟಿಗೆ ಮೈಮೇಲೆ ಎಳೆದುಕೊಂಡಿದ್ದೂ ಇತ್ತು. ಆದರೆ ಇವೆಲ್ಲವನ್ನೂ ತಾಳಿಕೊಳ್ಳಲು ಬೇಕಾಗಿದ್ದ ಒಂದೇ ದಾರಿ, ಅಂದರೆ ಸುಧಾರಿಸಿದ ಜಮೀನಿನ ಏರಿದ ಆದಾಯ, ಅವರ ಪಾಲಿಗೆ ಮುಚ್ಚಿತ್ತು. 1740ರ ದಶಕದ ಕೊನೆಗೆ ಎಸ್ಟೇಟನ್ನು ಸ್ಕಾಟ್ಲೆಂಡಿನ ಒಬ್ಬ ದೊಡ್ಡ ಶ್ರೀಮಂತರಿಗೆ ಮಾರಿದರು. ಹಳ್ಳಿಯ ಸಂಘವೂ ಅದೇ ಹೊತ್ತಿಗೆ ನಿಂತಿತು. ಜಮೀನ್ದಾರರು 1758ರಲ್ಲಿ ಲಂಡನ್ನಿನಲ್ಲಿ, ಮಗನ ಮನೆಯಲ್ಲಿ ತೀರಿಕೊಂಡರು.

ಒಡೆಯರು ಬದಲಾದರೂ ಒಕ್ಕಲು ಉಳಿದದ್ದು ಹೇಗೆ

ಈ ಪ್ರಕರಣದಲ್ಲಿ ನನಗೆ ಅತಿ ಮುಖ್ಯವಾಗಿ ಕಾಣುವುದು ಇದು. ಆಸ್ತಿ ಮಾರಾಟವಾದ ದಿನ ಗೇಣಿದಾರನ ಗತಿ ಏನು? ಬೇಲಿಗೆ ಹಾಕಿದ ದುಡ್ಡು, ಮಣ್ಣಿಗೆ ಹಾಕಿದ ಗೊಬ್ಬರ ಎಲ್ಲ ಹೊಸ ಒಡೆಯರ ಪಾಲಾಗಬೇಕಿತ್ತು ಅಲ್ವಾ? ಹಾಗಾಗಲಿಲ್ಲ. ಸ್ಕಾಟ್ಲೆಂಡಿನಲ್ಲಿ 1449ರಷ್ಟು ಹಿಂದೆಯೇ ಒಂದು ಕಾಯ್ದೆ ಬಂದಿತ್ತು. ಕರಾರಿನಲ್ಲಿ ಗೇಣಿ ಇಷ್ಟು, ಅವಧಿ ಇಂಥ ದಿನಕ್ಕೆ ಮುಗಿಯುತ್ತದೆ ಎಂದು ಇದ್ದು, ಗೇಣಿದಾರ ಜಮೀನಿನ ಸ್ವಾಧೀನದಲ್ಲಿದ್ದರೆ, ಜಮೀನು ಯಾರ ಕೈಗೆ ಹೋದರೂ ಅವಧಿ ಮುಗಿಯುವ ತನಕ ಅವನನ್ನು ಎಬ್ಬಿಸುವಂತಿಲ್ಲ. ಉಳುವ ಬಡವರ ರಕ್ಷಣೆಗೆಂದೇ ಮಾಡಿದ ಕಾಯ್ದೆ ಅದು. ಬಾಯಿಮಾತಿನ ಗೇಣಿಯವನಿಗೆ, ಒಂದೊಂದೇ ವರ್ಷದ ಗೇಣಿಯವನಿಗೆ ಅದರಿಂದ ಸಿಗುತ್ತಿದ್ದ ಆಸರೆ ಬಹಳ ಕಡಿಮೆ. 38 ವರ್ಷದ ಲಿಖಿತ ಕರಾರಿನವನಿಗೆ ಪೂರ್ತಿ ಸಿಕ್ಕಿತು. ಒಡೆಯರ ಒಳ್ಳೆಯತನ ಒಡೆಯರ ಜೊತೆಗೇ ಹೋಗಿಬಿಡಬಹುದು. ಕಾಗದದ ಮೇಲೆ ಇಳಿದಿದ್ದರೆ, ಅದರ ಬೆನ್ನಿಗೆ ಕಾನೂನು ಇದ್ದರೆ, ಮಾರಾಟವಾದ ಮೇಲೂ ನಿಲ್ಲುತ್ತದೆ. ರೈತರ ಪರವಾಗಿ ಯಾವುದೇ ಯೋಜನೆ ಮಾಡುವವರು ಮೊದಲು ಕೇಳಿಕೊಳ್ಳಬೇಕಾದ ಪ್ರಶ್ನೆ ಇಲ್ಲಿದೆ ಎಂದು ನಾನು ನಂಬುತ್ತೇನೆ: ನಾಳೆ ನಾನಿಲ್ಲದಿದ್ದರೆ ಈ ಮನುಷ್ಯನ ಕೈಯಲ್ಲಿ ಏನು ಉಳಿಯುತ್ತದೆ?

ಆ ಗೇಣಿದಾರ ಕುಟುಂಬ ಅಲ್ಲೇ ಬೇಸಾಯ ಮುಂದುವರಿಸಿತು. 1770ರ ದಶಕದಲ್ಲಿ ಅದೇ ಕುಟುಂಬದ ಒಬ್ಬರನ್ನು ಸರ್ಕಾರದ ಪರವಾಗಿ ಸ್ಕಾಟ್ಲೆಂಡ್ ಸುತ್ತಿ, ಬೇಸಾಯದ ಸ್ಥಿತಿಗತಿ ನೋಡಿ ವರದಿ ಬರೆಯಲು ಕಳಿಸಿದರು. ಜಮೀನ್ದಾರರ ಮಗ ಅಲ್ಲ, ಅಧಿಕಾರಿಯೂ ಅಲ್ಲ, ಗೇಣಿಗೆ ಉಳುವ ಮನೆಯ ಮನುಷ್ಯ. ಹಲವು ಸಂಪುಟಗಳ ಆ ವರದಿ ಆ ಕಾಲದ ಸ್ಕಾಟಿಷ್ ಬೇಸಾಯದ ಬಗ್ಗೆ ಇಂದಿಗೂ ಮುಖ್ಯ ಆಧಾರ.

ಮುಂದಿನವರು ಬದಲಿಸಿಕೊಂಡದ್ದು

ಈಸ್ಟ್ ಲೋಥಿಯನ್ ಮುಂದೆ ಇಡೀ ಸ್ಕಾಟ್ಲೆಂಡಿಗೆ ಮಾದರಿ ಬೇಸಾಯದ ಸೀಮೆ ಎನಿಸಿಕೊಂಡಿತು. 1786ರಲ್ಲಿ ಆಂಡ್ರ್ಯೂ ಮೀಕಲ್ ಎಂಬ ಗಿರಣಿ ಕೆಲಸಗಾರ ಒಕ್ಕಣೆ ಯಂತ್ರವನ್ನು ಸರಿಯಾಗಿ ಓಡುವ ಹಾಗೆ ಮಾಡಿದ್ದೂ ಇದೇ ಸೀಮೆಯಲ್ಲಿ. ಅಷ್ಟು ಹೊತ್ತಿಗೆ ಜಮೀನ್ದಾರರೆಲ್ಲ ದೀರ್ಘ ಕರಾರು ಬರೆಯತೊಡಗಿದ್ದರು. ಆದರೆ 38 ವರ್ಷಕ್ಕಲ್ಲ, 19 ವರ್ಷಕ್ಕೆ. ಬೇಲಿ ಬೆಳೆಸಿ, ಮಣ್ಣಿಗೆ ಸುಣ್ಣ ಹಾಕಿ, ಹಾಕಿದ ದುಡ್ಡು ವಾಪಸ್ ಪಡೆಯಲು ಗೇಣಿದಾರನಿಗೆ ಅಷ್ಟು ಸಾಕು. ಅದು ಮುಗಿದ ಮೇಲೆ ಗೇಣಿ ಹೊಸದಾಗಿ ಗೊತ್ತುಮಾಡುವ ಅವಕಾಶ ಒಡೆಯರಿಗೆ. ಯಾವ ಬೆಳೆಯ ಮೇಲೆ ಯಾವ ಬೆಳೆ, ಹುಲ್ಲು ಎಷ್ಟು, ಟರ್ನಿಪ್ ಎಷ್ಟು ಎಂಬ ಷರತ್ತುಗಳೂ ಕರಾರಿನಲ್ಲೇ ಸೇರಿದವು. ಲಂಡನ್ನಿನಿಂದ ತೋಟಗಾರನಿಗೆ ಕಾಗದ ಬರೆದು ಹೇಳುತ್ತಿದ್ದಂಥ ಮಾತುಗಳು ಈಗ ಸಹಿಗೆ ಮುಂಚೆಯೇ ತೀರ್ಮಾನವಾಗುತ್ತಿದ್ದವು.

ಹೀಗೆ ಬದಲಿಸಿಕೊಂಡವರು ಶ್ರೀಮಂತರಾದರು. 18ನೇ ಶತಮಾನದ ಕೊನೆಗೆ, ಅದರಲ್ಲೂ ಫ್ರಾನ್ಸ್ ಜೊತೆಗಿನ ಯುದ್ಧದ ವರ್ಷಗಳಲ್ಲಿ, ಧಾನ್ಯದ ಬೆಲೆ ಏರಿದಾಗ ಅವರ ಗೇಣಿಯೂ ಏರಿತು. ಇದನ್ನು ಓದಿದಾಗ ನಮ್ಮ ಜಮೀನ್ದಾರರು 19 ವರ್ಷಕ್ಕೇ ಬರೆದಿದ್ದರೆ ಉಳಿಯುತ್ತಿದ್ದರು ಎಂದು ಅನ್ನಿಸುವುದು ಸಹಜ. ನನಗೆ ಅದರ ಬಗ್ಗೆ ಒಂದು ತಕರಾರಿದೆ. 1718ರಲ್ಲಿ ಒಡೆಯರನ್ನು ನಂಬಿ ಬೇಲಿ ಕಟ್ಟಿದವರು ಸುತ್ತಮುತ್ತ ಬೆರಳೆಣಿಕೆಯಷ್ಟು. ಆಗ ರೈತನನ್ನು ಮುಂದೆ ಬರುವಂತೆ ಮಾಡಲು ಧಾರಾಳವಾಗಿಯೇ ಕೊಡಬೇಕಿತ್ತು. 1770ರಲ್ಲಿ 19 ವರ್ಷ ಸಾಕಾದದ್ದು, ಅಷ್ಟು ಹೊತ್ತಿಗೆ ಇಂಥ ಹೊಲಗಳನ್ನು ಬೇಲಿಯ ಆಚೆಯಿಂದ ನೋಡಿದ ರೈತರು ಸೀಮೆಯ ತುಂಬ ಇದ್ದುದರಿಂದ. ನಮ್ಮ ಜಮೀನ್ದಾರರು ಬದಲಿಸಬೇಕಿದ್ದದ್ದು ಕರಾರನ್ನಲ್ಲ, ಅದರ ಜೊತೆಗೆ ಹೊತ್ತುಕೊಂಡ ಸಾಲವನ್ನು. ಗೇಣಿ ಏರದು ಎಂದು ಬರೆದುಕೊಟ್ಟ ಮೇಲೆ ಭಟ್ಟಿಯನ್ನೂ ಬಟ್ಟೆಯ ಕೆಲಸವನ್ನೂ ಒಂದೊಂದಾಗಿ, ಪಾಲುದಾರರನ್ನು ಸೇರಿಸಿಕೊಂಡು ನಿಧಾನವಾಗಿ ಮಾಡಬಹುದಿತ್ತು. ಸಂಬಳದ ಹುದ್ದೆ ಹೋದ 1732ರಲ್ಲಿ ಕೈ ಹಿಡಿದು ಖರ್ಚು ಮಾಡುವುದಕ್ಕೆ ಅವಕಾಶ ಇತ್ತು. ಹಳ್ಳಿಯ ದೊಡ್ಡ ಖರ್ಚುಗಳು ಶುರುವಾದದ್ದು ಅಲ್ಲಿಂದ ಮುಂದೆ.